ಡಿಫೆಂಡರನ ಅಂಗಾಲಿಗೆ ದೃಷ್ಟಿಬೊಟ್ಟು

ಕಳೆದ ವಾರ ನಮ್ಮ ಮಗಳು ಶಾಲೆಯ ನಾಟಕದಲ್ಲಿ ಪಾತ್ರ ಮಾಡಿ ಬಂದವಳು ಸರಿಯಾಗಿ ಉಣ್ಣಲಿಲ್ಲ, ಮರುದಿನ ತಲೆನೋವೆಂದು ಮಲಗಿಬಿಟ್ಟಳು. ನನ್ನ ಹೆಂಡತಿ ಸುಮಂಗಲಾ ಉಪ್ಪು, ಸಾಸಿವೆ, ಒಣಮೆಣಸಿನಕಾಯಿಗಳನ್ನು ಮುಷ್ಟಿಯಲ್ಲಿ ಹಿಡಿದು ಅವಳಿಗೆ ನಿವಾಳಿಸಿ, ಹಿತ್ತಲಿನ ಬಾರ್ಬೆಕ್ಯೂ ಒಲೆಯ ಕೆಂಡಕ್ಕೆ ಹಾಕಿದಳು. ಮನೆಯೊಳಗೆ ಹಾಕುವಂತಿಲ್ಲ. ಹಿಂದೊಮ್ಮೆ ಒಳಗೇ ಹಾಕಿ, ಸ್ಮೋಕ್ ಅಲಾರಂ ಕೂಗಿ, ಫೈರ್ ಇಂಜಿನ್ನು ಬಾಗಿಲಿಗೆ ಬಂದು, ದೃಷ್ಟಿ ಎಂದರೇನೆಂದು ಅದರಿಂದ ಇಳಿದ ದಾಂಡಿಗರಿಗೆ ಇಂಗ್ಲಿಷಿನಲ್ಲಿ ವಿವರಿಸುವ ಕೆಲಸ ನನ್ನ ಪಾಲಿಗೆ ಬಂದಿತ್ತು. ಈ ಸಲ ಘಾಟು ಬೇಲಿ ದಾಟಿ ಪಕ್ಕದ ಮನೆಗೆ ನುಗ್ಗಿತು. ಬೇರೆ ಯಾರಾದರೂ ಆಗಿದ್ದರೆ ಕಿಟಕಿ ಮುಚ್ಚಿಕೊಳ್ಳುತ್ತಿದ್ದರು. ಆ ಮನೆಯ ಮರೀಸಾ ಅವರು ಕಿಟಕಿ ತೆರೆದು, ಕೆಮ್ಮುತ್ತಲೇ, "ಇವತ್ತು ಯಾರಿಗೆ?" ಎಂದು ಕೇಳಿದರು. ಮಗಳಿಗೆ ಎಂದೆ. "ಇಷ್ಟು ಘಾಟು ಬರ್ತಿದೆ ಅಂದ್ರೆ ದೃಷ್ಟಿ ಅಲ್ಲ. ಜ್ವರ ಇದೆಯಾ ನೋಡಿ," ಎಂದರು.

ನಿಜವೇ. ದೃಷ್ಟಿಯಾಗಿದ್ದರೆ ಮೆಣಸಿನಕಾಯಿ ಘಾಟು ಬರುವುದಿಲ್ಲವೆಂದು ನಮ್ಮ ಮನೆಯ ಶಾಸ್ತ್ರ. ಥರ್ಮಾಮೀಟರು ಇಟ್ಟು ನೋಡಿದರೆ ಜ್ವರವಿತ್ತು. ಎಪ್ಪತ್ತು ದಾಟಿದ ಇಟಲಿಯ ಹೆಂಗಸೊಬ್ಬರು ನಮ್ಮ ಶಾಸ್ತ್ರದಲ್ಲಿ ಹೀಗೆ ಪಳಗಿದ್ದು ಹೇಗೆಂದು ನಿಮಗೆ ಹೇಳಬೇಕು. ಅದಕ್ಕೆ ಸ್ವಲ್ಪ ಫುಟ್‌ಬಾಲೂ ಹೇಳಬೇಕಾಗುತ್ತದೆ. ಹೆದರಬೇಡಿ, ನನಗೂ ಅದು ಅಷ್ಟೇನೂ ಗೊತ್ತಿರಲಿಲ್ಲ.

ನಾವು ಬೇ ಏರಿಯಾದ ಕ್ಯಾಂಪ್‌ಬೆಲ್ಲಿನ ಈ ಮನೆಗೆ ಬಂದ ವರ್ಷವೇ ಪಕ್ಕದ ಮನೆಗೆ ಅವರೂ ಬಂದರು. ಗಂಡ ತೀರಿಕೊಂಡ ಮೇಲೆ ಮಗಳು ಸಿಲ್ವಿಯಾ ಕರೆಸಿಕೊಂಡಿದ್ದಳು. ಸಿಲ್ವಿಯಾ ನೆವಾರ್ಕಿನಲ್ಲಿ ಇಂಜಿನಿಯರು, ಬೆಳಿಗ್ಗೆ ಫ್ರೀವೇ ಹಿಡಿದರೆ ಬರುವುದು ಸಂಜೆಗೆ. ಮಗ ಫೌಸ್ತೋ ಮಾತ್ರ ಇಟಲಿಯಲ್ಲೇ ಉಳಿದಿದ್ದ, ಅವನು ಅಲ್ಲಿ ಸಂಬಳಕ್ಕೆ ಫುಟ್‌ಬಾಲ್ ಆಡುವವನು. ಡಿಫೆಂಡರು, ಅಂದರೆ ಗೋಲು ಹೊಡೆಯುವವನಲ್ಲ, ಹೊಡೆಯಲು ಬಂದವರನ್ನು ತಡೆಯುವವನು. ಮರೀಸಾ ಅವರ ಇಂಗ್ಲಿಷು ಮುರುಕು, ನನ್ನದು ಮಂಡ್ಯದ ಮಣ್ಣು ಮೆತ್ತಿಕೊಂಡದ್ದು. ಆದರೂ ಒಬ್ಬರಿಗೊಬ್ಬರು ಅರ್ಥವಾಗುತ್ತಿದ್ದೆವು. ಆ ಮಾತುಗಳನ್ನು ಇಲ್ಲಿ ಕನ್ನಡದಲ್ಲೇ ಬರೆಯುತ್ತಿದ್ದೇನೆ.

ಒಂದು ಶನಿವಾರ ಬೇಲಿಯಾಚೆಯಿಂದ ಕರೆದು, "ನಾಳೆ ಬೆಳಿಗ್ಗೆ ನನ್ನ ಮಗನ ಆಟ ಇದೆ. ನೀವು ನೋಡಿ ನನಗೆ ಹೇಳ್ತೀರಾ?" ಎಂದರು. ಟಿವಿ ಕೆಟ್ಟಿರಬೇಕೆಂದುಕೊಂಡು ನಮ್ಮ ಮನೆಗೇ ಬನ್ನಿ ಎಂದೆ. ಅವರು ಕೈ ಅಡ್ಡ ಆಡಿಸಿದರು. ಟಿವಿ ಸರಿಯಾಗಿಯೇ ಇದೆ, ತಾನು ನೋಡುವಂತಿಲ್ಲ ಅಷ್ಟೆ. ಫೌಸ್ತೋ ಹದಿನೈದರ ಹುಡುಗನಾಗಿದ್ದಾಗ ಅವರು ಮೈದಾನದ ಪಕ್ಕದಲ್ಲಿ ಕೂತು ನೋಡುತ್ತಿದ್ದರಂತೆ. ನನ್ನ ಮಗ ಎಷ್ಟು ಚಂದ ಎಂದು ಮನಸ್ಸಿನಲ್ಲಿ ಅಂದುಕೊಂಡರಂತೆ. ಅದೇ ಗಳಿಗೆಯಲ್ಲಿ ಇನ್ನೊಬ್ಬ ಬಂದು ಗುದ್ದಿ ಹುಡುಗನ ಕುತ್ತಿಗೆಯ ಕೆಳಗಿನ ಮೂಳೆ ಮುರಿಯಿತು. ಅಂದಿನಿಂದ ಅವನ ಆಟದ ಮೇಲೆ ಅವರು ಕಣ್ಣು ಹಾಕಿಲ್ಲ, ಟಿವಿಯಲ್ಲೂ ಇಲ್ಲ. ಸಿಲ್ವಿಯಾಳನ್ನು ಕೇಳಿದರೆ "ಗೆದ್ದರು" ಅಥವಾ "ಸೋತರು" ಅನ್ನುತ್ತಾಳೆ, ಅಷ್ಟೇ ವರದಿ.

ನಾನಿದನ್ನು ನಗುತ್ತ ಮನೆಯಲ್ಲಿ ಹೇಳಿದೆ. ಸುಮಂಗಲಾ ನಗಲಿಲ್ಲ. ಅವಳು ಧಾರವಾಡದವಳು, ಇಂಥ ವಿಷಯಗಳಲ್ಲಿ ನಗುವುದು ಕಡಿಮೆ.

"ಅಕಿ ಹೇಳೂದು ಖರೇ ಐತ್ರಿ," ಎಂದಳು. "ಹೆತ್ತವರ ಕಣ್ಣ ಮೊದಲ ತಾಗೂದು. ನಾ ಉಣ್ಣೂ ಮುಂದ ನಮ್ಮವ್ವ ನನ್ನ ಕಡೆ ತಿರುಗಿ ಸುದ್ದಾ ನೋಡ್ತಿದ್ದಿಲ್ಲ."

ನಾನೂ ನಗುವ ಹಕ್ಕಿದ್ದವನಲ್ಲ. ಮಂಡ್ಯದಲ್ಲಿ ನಮ್ಮ ದೊಡ್ಡಪ್ಪ, ಭಾರತದ ಬ್ಯಾಟಿಂಗ್ ನಡೆಯುವಾಗ ಎದ್ದರೆ ವಿಕೆಟ್ ಹೋಗುತ್ತದೆಂದು ಒಂದೇ ಭಂಗಿಯಲ್ಲಿ ಕೂತು ಕಾಲು ಜೋಮು ಹಿಡಿಸಿಕೊಳ್ಳುತ್ತಿದ್ದರು. ದೊಡ್ಡಮ್ಮ ಟಿವಿ ಇರುವ ಕೋಣೆಗೆ ಕಾಲಿಡುವಂತಿರಲಿಲ್ಲ. ಅವರು ಕಾಫಿ ತಂದಾಗಲೆಲ್ಲ ಯಾರೋ ಒಬ್ಬರು ಔಟಾಗಿದ್ದರಂತೆ. ನಾನು ಆ ಮನೆಯ ಪ್ರಾಡಕ್ಟು. ಮರುದಿನ ಬೆಳಗಾಗುವ ಮೊದಲೇ ಎದ್ದು, ಇಟಲಿಯ ಎರಡನೆಯ ದರ್ಜೆಯ ಆಟವೊಂದನ್ನು ಹುಡುಕಿ ಹಾಕಿಕೊಂಡು ಕೂತೆ.

ಫೌಸ್ತೋ ಯಾವಾಗ ಗೋಲು ಹೊಡೆಯುತ್ತಾನೋ ಎಂದು ಕಾದದ್ದೇ ಬಂತು. ನಿದ್ದೆಗಣ್ಣಿನಲ್ಲಿ ಬಂದು ಪಕ್ಕದಲ್ಲಿ ಕೂತ ನಮ್ಮ ಮಗಳು, ಆಗಿನ್ನೂ ಚಿಕ್ಕವಳು, ಕೊನೆಯಲ್ಲಿ ತನ್ನ ತೀರ್ಪು ಕೊಟ್ಟಳು: "ಅಪ್ಪಾ, ಹಿ ಡಿಡ್ ನಥಿಂಗ್." ಇದನ್ನು ತಾಯಿಗೆ ಹೇಗೆ ಹೇಳುವುದು? ಬೇಲಿಯ ಬಳಿ ಹೋಗಿ, ಏನೂ ವಿಶೇಷ ಆಗಲಿಲ್ಲ, ನಿಮ್ಮ ಮಗನ ಕಡೆಯಿಂದ ಚೆಂಡು ಅಷ್ಟಾಗಿ ಹೋಗಲೇ ಇಲ್ಲ ಎಂದು ತಡವರಿಸಿದೆ. ಮರೀಸಾ ಅವರ ಮುಖ ಅರಳಿತು.

"ಏನೂ ಆಗ್ಲಿಲ್ವಾ? ಹಾಗಾದ್ರೆ ಚೆನ್ನಾಗಿ ಆಡಿದಾನೆ."

ಅಲ್ಲಿಂದ ನನ್ನ ಶಿಕ್ಷಣ ಶುರುವಾಯಿತು. ಡಿಫೆಂಡರನೆಂದರೆ ಮದುವೆಮನೆಯ ಉಗ್ರಾಣದ ಬಾಗಿಲಲ್ಲಿ ಕೂರುವ ಯಜಮಾನಿಯ ಹಾಗೆ. ಲಾಡು ಎಲ್ಲ ಪಂಕ್ತಿಗೂ ಸಾಲುವಂತೆ ಬಂದರೆ ಅವರನ್ನು ಯಾರೂ ನೆನೆಯುವುದಿಲ್ಲ, ಸಾಲದೆ ಹೋದರೆ ಊರೆಲ್ಲ ಅವರದೇ ಮಾತು. ಫೌಸ್ತೋ ಎದುರಾಳಿಯ ಕಾಲಿನ ಚಮತ್ಕಾರಕ್ಕೆ ಮರುಳಾಗದೆ ಸುಮ್ಮನೆ ದಾರಿಗೆ ಅಡ್ಡ ನಿಲ್ಲುತ್ತಿದ್ದ. ಬಿದ್ದವನನ್ನು ತಾನೇ ಕೈಹಿಡಿದು ಎತ್ತುತ್ತಿದ್ದ, ಬೀಳಿಸಿದ್ದು ತಾನೇ ಆಗಿದ್ದರೂ. ರೆಫರಿ ಹಳದಿ ಕಾರ್ಡು ತೋರಿಸಿದರೆ ಎರಡೂ ಕೈ ಹಿಂದೆ ಕಟ್ಟಿಕೊಂಡು ಶಾಲೆಯ ಹುಡುಗನ ಹಾಗೆ ಕೇಳಿಸಿಕೊಳ್ಳುತ್ತಿದ್ದ. ಇದನ್ನೆಲ್ಲ ನಾನು ಒಂದೊಂದಾಗಿ ವರದಿ ಮಾಡುತ್ತಿದ್ದೆ, ಮರೀಸಾ ಅವರು ಟೊಮ್ಯಾಟೊ ಗಿಡಗಳಿಗೆ ನೀರು ಹಾಕುತ್ತ ಕೇಳುತ್ತಿದ್ದರು. ಆಫೀಸಿನ ಮೀಟಿಂಗಿನಲ್ಲಿ ನನ್ನ ಮಾತನ್ನು ಅಷ್ಟು ಗಮನವಿಟ್ಟು ಕೇಳಿದವರು ಇನ್ನೂ ಹುಟ್ಟಿಲ್ಲ.

ನೀವು ಅವನ ಹೆಸರು ಕೇಳಿರುವ ಸಾಧ್ಯತೆ ಇಲ್ಲ. ಅವನ ವೃತ್ತಿಯೆಲ್ಲ ವರ್ಗಾವಣೆಯಲ್ಲೇ ಕಳೆಯಿತು. ಒಂದು ತಂಡ ಅವನನ್ನು ಇನ್ನೊಂದು ತಂಡಕ್ಕೆ ಒಂದು ವರ್ಷಕ್ಕೆಂದು ಎರವಲು ಕೊಡುತ್ತಿತ್ತು, ಅವರು ಇಟ್ಟುಕೊಳ್ಳದೆ ವಾಪಸು ಕಳಿಸುತ್ತಿದ್ದರು. ನಮ್ಮಪ್ಪ ಪಶುವೈದ್ಯ ಇಲಾಖೆಯಲ್ಲಿದ್ದು ಮದ್ದೂರು, ನಾಗಮಂಗಲ, ಮಳವಳ್ಳಿ ಎಂದು ಟ್ರಂಕು ಹೊತ್ತು ತಿರುಗಿದವರು, ಹಾಗಾಗಿ ಈ ಭಾಗ ನನಗೆ ಯಾರೂ ವಿವರಿಸಬೇಕಾಗಲಿಲ್ಲ. ನಡುವೆ ಒಂದೂವರೆ ವರ್ಷ ಅವನು ಮೊದಲ ದರ್ಜೆಯಲ್ಲಿದ್ದ. ಹೆಚ್ಚು ದಿನ ಬೆಂಚಿನ ಮೇಲೆಯೇ. ಆದರೆ ಒಂದು ಭಾನುವಾರ, ಲೋಕವೆಲ್ಲ ಹೆಸರು ಬಲ್ಲ ಫಾರ್ವರ್ಡ್ ಒಬ್ಬನ ಎದುರು ಅವನನ್ನು ಇಳಿಸಿದರು. ಆ ದೊಡ್ಡ ಮನುಷ್ಯ ಆ ದಿನ ಒಂದು ಗೋಲೂ ಹೊಡೆಯದೆ ಬೇಸತ್ತು, ಬದಲಿ ಆಟಗಾರನಿಗೆ ಜಾಗ ಬಿಟ್ಟು ಹೊರಗೆ ಹೋದ. ನಾನು ಚಪ್ಪಲಿಯನ್ನೂ ಮೆಟ್ಟದೆ ಬೇಲಿಗೆ ಓಡಿ "ಏನೂ ಆಗಲಿಲ್ಲ" ಎಂದೆ. ಮರೀಸಾ ಅವರು ಪೈಪು ಕೆಳಗೆ ಬಿಟ್ಟು ಅತ್ತುಬಿಟ್ಟರು. ಅದಾದ ಮೇಲೆ ಮಂಡಿ ಕೆಟ್ಟಿತು, ಮತ್ತೆ ಎರಡನೆಯ ದರ್ಜೆ, ಆಮೇಲೆ ಮೂರನೆಯದು. ಮೂವತ್ತೈದಾಗುವ ಹೊತ್ತಿಗೆ ಕರೆಯುವವರು ಕಡಿಮೆಯಾದರು.

ಆಗ ನಮ್ಮ ಬೇ ಏರಿಯಾದ ಒಂದು ಸಣ್ಣ ತಂಡ ಅವನನ್ನು ಒಂದು ವರ್ಷಕ್ಕೆ ಕರೆಯಿತು. ಅಮ್ಮ, ಅಕ್ಕ ಇಬ್ಬರೂ ಇಲ್ಲೇ ಇದ್ದಾರೆಂದು ಅವನು ಒಪ್ಪಿಕೊಂಡ. ಆಡಿ ಮುಗಿಸಿ ಊರಿಗೆ ಹೋಗಿ ಹುಡುಗರಿಗೆ ಕಲಿಸುವುದೆಂದು ತೀರ್ಮಾನ ಮಾಡಿಕೊಂಡೇ ಬಂದಿದ್ದ. ಮೊದಲ ದಿನ ಡ್ರೈವ್‌ವೇನಲ್ಲಿ ಎದುರಾದಾಗ ಹಳೆಯ ಪರಿಚಯದವನಿಗೆ ಎಂಬಂತೆ ಕೈ ಬೀಸಿಬಿಟ್ಟೆ. ಇಷ್ಟು ವರ್ಷ ಪ್ರತಿ ಭಾನುವಾರ ಅವನ ಮುಖ ನೋಡಿದವನು ನಾನು, ಅವನು ನನ್ನನ್ನು ನೋಡುತ್ತಿರುವುದು ಇದೇ ಮೊದಲು. ಅವನೇ ಕೈ ಚಾಚಿ, "ನನ್ನ ಆಟ ನನಗಿಂತ ನಿಮಗೇ ಚೆನ್ನಾಗಿ ಗೊತ್ತು ಅಂತ ಅಮ್ಮ ಹೇಳ್ತಾರೆ," ಎಂದ.

ಆ ವರ್ಷ ನಡೆದದ್ದನ್ನು ಹೇಳಿದರೆ ನೀವು ನಂಬುವುದಿಲ್ಲ. ಮಗ ಆಡಿ ಮನೆಗೆ ಬಂದು ಅವರ ಮುಂದೆಯೇ ಕೂತು ಉಣ್ಣುತ್ತಿದ್ದರೂ, ಹೇಗೆ ಆಡಿದ ಎಂದು ಅವರು ಕೇಳುತ್ತಿದ್ದುದು ನನ್ನನ್ನೇ. ಊರ ಮೈದಾನದ ಆಟಗಳನ್ನೂ ನಾನು ಮನೆಯಲ್ಲೇ ಕೂತು ನೋಡುತ್ತಿದ್ದೆ, ಅಭ್ಯಾಸಬಲ. ನಾನು ಹೇಳುವಾಗ ಫೌಸ್ತೋ ಚಮಚ ಹಿಡಿದುಕೊಂಡೇ ಯಾರೋ ಮೂರನೆಯವನ ಕಥೆಯೆಂಬಂತೆ ಕೇಳಿಸಿಕೊಳ್ಳುತ್ತಿದ್ದ. ಒಮ್ಮೊಮ್ಮೆ "ಅದು ಫೌಲ್ ಅಲ್ಲ" ಎಂದು ತಿದ್ದುತ್ತಿದ್ದ. "ನೀನು ಸುಮ್ಮನೆ ಊಟ ಮಾಡು, ಅವರು ಹೇಳಲಿ," ಎಂದು ತಾಯಿ ಗದರುತ್ತಿದ್ದರು.

ಕೊನೆಯ ಆಟಕ್ಕೆ ಒಂದು ವಾರವಿದ್ದಾಗ ಅವನು ನಮ್ಮ ಮನೆಗೆ ಬಂದ. ಕೂರಲೂ ಇಲ್ಲ. "ಅಮ್ಮನನ್ನ ನೀವು ಕರ್ಕೊಂಡು ಬನ್ನಿ. ನಾನು ಕರೆದರೆ ಬರಲ್ಲ. ಇದೊಂದು ಆಟ ಮುಗಿದರೆ ಅವರು ನೋಡೋದಕ್ಕೆ ಇನ್ನೇನೂ ಇರಲ್ಲ," ಎಂದ. ಅವನ ಇಡೀ ಜೀವನದ ಕೆಲಸವನ್ನು ತಾಯಿ ಒಮ್ಮೆಯೂ ನೋಡಿಲ್ಲವೆಂಬುದು ಆಗ ನನ್ನ ಎದೆಗೆ ತಟ್ಟಿತು. ಅಲ್ಲಿಯವರೆಗೆ ಅದೊಂದು ತಮಾಷೆಯ ನಿಯಮವಾಗಿತ್ತು, ಅದರಿಂದ ನನಗೊಂದು ಕೆಲಸವೂ ಸಿಕ್ಕಿತ್ತು.

ನಾನೂ ಸುಮಂಗಲಾಳೂ ಹೋಗಿ ಕೇಳಿದೆವು. ಮರೀಸಾ ಅವರು ಒಪ್ಪಲಿಲ್ಲ. "ಇಷ್ಟು ವರ್ಷ ಕಾಪಾಡಿದೀನಿ. ಕೊನೇ ದಿನ ನನ್ನ ಕಣ್ಣು ತಾಗಿ ಕಾಲು ಹೋದ್ರೆ? ಕುಂಟ್ಕೊಂಡು ಊರಿಗೆ ಹೋಗ್ಬೇಕಾ?" ಎಂದರು. ತಟ್ಟೆಯ ನೀರಿಗೆ ಎಣ್ಣೆಯ ಹನಿ ಬಿಟ್ಟು ದೃಷ್ಟಿ ಕಳೆಯುವ ಪದ್ಧತಿ ಅವರ ಊರಲ್ಲೂ ಉಂಟು. ಆದರೆ ಅದು ತಾಗಿದ ಮೇಲಿನ ಮದ್ದು, ತಾಗದಂತೆ ತಡೆಯುವುದಕ್ಕೆ ಅದರಲ್ಲಿ ಏನೂ ಇಲ್ಲವಂತೆ.

"ನಮ್ಮಲ್ಲೆ ಐತಿ," ಎಂದಳು ಸುಮಂಗಲಾ.

ಆಟದ ದಿನ ಬೆಳಿಗ್ಗೆ ಅವರ ಅಡುಗೆಮನೆಯಲ್ಲಿ ನಡೆದದ್ದನ್ನು ನಾನು ಕಣ್ಣಾರೆ ಕಂಡಿದ್ದೇನೆ. ಇಟಲಿಯ ಮೂರೂ ದರ್ಜೆಗಳಲ್ಲಿ ಆಡಿದ ಆರಡಿಯ ಡಿಫೆಂಡರು ಕುರ್ಚಿಯಲ್ಲಿ ಕೂತು ಕಾಲು ಚಾಚಿದ್ದ. "ಕಾಲ ಅಳ್ಳಾಡಸಬ್ಯಾಡಪ್ಪಾ," ಎಂದು ಧಾರವಾಡದ ಕನ್ನಡದಲ್ಲೇ ಗದರಿಸಿ ಸುಮಂಗಲಾ ಅವನ ಬಲ ಅಂಗಾಲಿಗೆ ಕಾಡಿಗೆಯ ದೃಷ್ಟಿಬೊಟ್ಟು ಇಟ್ಟಳು, ತೊಟ್ಟಿಲ ಕೂಸಿಗೆ ಇಡುವಂಥದು, ಸ್ವಲ್ಪ ದೊಡ್ಡದು. ಅವನಿಗೆ ಕಚಗುಳಿಯಾಗಿ ನಗು ಬಂತು. ಮರೀಸಾ ಅವರು ಕನ್ನಡಕ ಹಾಕಿಕೊಂಡು ಬಗ್ಗಿ ಬೊಟ್ಟನ್ನು ಪರೀಕ್ಷಿಸಿದರು. ಆಮೇಲೆ ಒಳಗೆ ಹೋಗಿ ಒಳ್ಳೆಯ ಕೋಟು ಹಾಕಿಕೊಂಡು ಬಂದರು.

ಸಣ್ಣ ಮೈದಾನ, ಅರ್ಧಕ್ಕರ್ಧ ಖಾಲಿ ಬೆಂಚುಗಳು, ಚೆನ್ನಾದ ಬಿಸಿಲು. ಮರೀಸಾ ಅವರು ನಮ್ಮಿಬ್ಬರ ನಡುವೆ ಕೂತು ಸುಮಂಗಲಾಳ ಕೈ ಹಿಡಿದುಕೊಂಡರು. ತಂಡಗಳು ಇಳಿದವು, ಆಟ ಶುರುವಾಯಿತು. ಅವರು ಆ ಕಡೆ ಈ ಕಡೆ ನೋಡಿ, ಕೊನೆಗೆ ನನ್ನ ಕಿವಿಯ ಬಳಿ "ಯಾವನು?" ಎಂದು ಕೇಳಿದರು. ಅವರು ಕೊನೆಯ ಸಲ ನೋಡಿದ್ದು ಹದಿನೈದರ ಹುಡುಗನ ಆಟ. ನಾನು ಬೆರಳು ಮಾಡಿ ತೋರಿಸಿದೆ.

ಒಮ್ಮೆ ಅವನು ಬಿದ್ದ. ಮರೀಸಾ ಅವರು ಕಣ್ಣು ಮುಚ್ಚಲಿಲ್ಲ, ಸುಮಂಗಲಾಳ ಬಳೆ ಮಾತ್ರ ಒತ್ತಿ ಕೈಗೆ ಅಚ್ಚು ಬಿತ್ತು. ಅವನು ಎದ್ದ, ತನ್ನನ್ನು ಬೀಳಿಸಿದವನನ್ನೂ ಎತ್ತಿದ. ಸ್ವಲ್ಪ ಹೊತ್ತಿನ ಮೇಲೆ ಎದುರಾಳಿಯೊಬ್ಬ ಚೆಂಡು ತೆಗೆದುಕೊಂಡು ಒಬ್ಬನೇ ಗೋಲಿನತ್ತ ನುಗ್ಗಿದ. ಫೌಸ್ತೋ ಅರ್ಧ ಮೈದಾನ ಅವನ ಹಿಂದೆ ಓಡಿದ, ಭಾರವಾಗಿ, ಒಂದು ಭುಜ ಇಳಿಬಿಟ್ಟುಕೊಂಡು, ಮಂಡಿ ನೋಯುವವನ ಓಟ. ಹೇಗೋ ಮುಂದೆ ಹೋಗಿ ನಿಂತ. ಚೆಂಡು ಹೊರಗೆ ಹೋಯಿತು. ಯಾರೋ ಒಂದಿಬ್ಬರು ಚಪ್ಪಾಳೆ ತಟ್ಟಿದರು.

ಅವನು ತನ್ನ ಜಾಗಕ್ಕೆ ಮರಳುವವರೆಗೂ ಮರೀಸಾ ಅವರು ಅವನನ್ನೇ ನೋಡಿದರು.

"ಇಷ್ಟು ವರ್ಷ ನೀವು ಎಲ್ಲಾ ಹೇಳಿದ್ರಿ," ಎಂದರು ಆಮೇಲೆ. "ಇವನು ಅಪ್ಪನ ಹಾಗೆ ಓಡ್ತಾನೆ ಅಂತ ಹೇಳ್ಲೇ ಇಲ್ಲ."

ಅವರ ಗಂಡನನ್ನು ನಾನು ಕಂಡದ್ದು ನಡುಮನೆಯ ಗೋಡೆಯ ಫೋಟೋದಲ್ಲಿ ಮಾತ್ರ. ಅದರಲ್ಲಿ ಅವರು ನಿಂತಿದ್ದಾರೆ. ಆಟ ಒಂದೂ ಗೋಲಿಲ್ಲದೆ ಮುಗಿಯಿತು. ಫೌಸ್ತೋ ಬೆವರು ಸುರಿಸುತ್ತ ಮೈದಾನದ ಬೇಲಿಯ ಬಳಿ ಬಂದಾಗ ತಾಯಿ ಅವನ ಮುಖವನ್ನು ಎರಡೂ ಕೈಯಲ್ಲಿ ಹಿಡಿದು ಅವರ ಭಾಷೆಯಲ್ಲಿ ಏನೇನೋ ಹೇಳಿದರು. ನಾವಿಬ್ಬರೂ ಕಾರಿನ ಕಡೆ ನಡೆದೆವು. ಸುಮಂಗಲಾ ಸೆರಗಿನಿಂದ ಕಣ್ಣೊರೆಸಿಕೊಂಡಳು, ನಾನು ಕಾರಿನ ಕೀ ಹುಡುಕುವವನಂತೆ ಜೇಬು ತಡಕಾಡಿದೆ.

ಫೌಸ್ತೋ ಈಗ ತನ್ನ ಊರಿನಲ್ಲಿ ಹುಡುಗರಿಗೆ ಆಟ ಕಲಿಸುತ್ತಾನೆ. ನನ್ನ ವರದಿಗಾರನ ಕೆಲಸ ಹೋಯಿತು, ಆದರೆ ಭಾನುವಾರ ಬೆಳಿಗ್ಗೆ ಎಚ್ಚರ ಮಾತ್ರ ಮೊದಲಿನಂತೆಯೇ ಆಗುತ್ತದೆ. ಎದ್ದು ಪಕ್ಕದ ಮನೆಗೆ ಹೋಗುತ್ತೇನೆ. ಮರೀಸಾ ಅವರು ಮಗನ ಹಳೆಯ ಆಟಗಳನ್ನು ಸಿಲ್ವಿಯಾಳಿಂದ ಹುಡುಕಿಸಿ, ಮೊದಲಿನಿಂದ ಒಂದೊಂದಾಗಿ ನೋಡಲು ಶುರು ಮಾಡಿದ್ದಾರೆ. ಮುಂದೇನಾಗುತ್ತದೆಂದು ಎಲ್ಲ ಬಲ್ಲ ನನ್ನ ನಾಲಿಗೆ ತುರಿಸುತ್ತದೆ. ಬಾಯಿ ತೆರೆದರೆ ಅಂಗೈ ಎತ್ತಿ ತಡೆಯುತ್ತಾರೆ, "ನೀವು ಹೇಳ್ಬೇಡಿ." ಕ್ಯಾಮೆರಾ ಚೆಂಡಿನ ಹಿಂದೆ ಹೋಗಿಬಿಡುತ್ತದೆ, ಫೌಸ್ತೋ ಪರದೆಯಿಂದ ಮರೆಯಾಗುತ್ತಾನೆ. ನಾನೂ ಚೆಂಡನ್ನೇ ನೋಡುತ್ತೇನೆ. ಅವರು ಮಾತ್ರ ಟಿವಿಯ ಅಂಚಿನಿಂದ ಕಣ್ಣು ಕೀಳುವುದಿಲ್ಲ, ಮಗ ಅಲ್ಲಿಂದಲೇ ಒಳಗೆ ಬರಬೇಕು.