ಅಣ್ಣನನ್ನು ಕೊಂದವನಿಗಾಗಿ ಅವ್ವ ಬರೆಸಿದ ಅರ್ಜಿ

ನನ್ನ ಅಣ್ಣನನ್ನು ಕೊಂದವನಿಗೆ ಜೀವಾವಧಿ ಶಿಕ್ಷೆಯಾಗಿ ಎರಡನೆಯ ವರ್ಷ ನಡೆದಿತ್ತು. ನಿಜಾಮರ ಆಳ್ವಿಕೆಯ ಕಾಲ. ಅಫಜಲಪುರ ತಾಲ್ಲೂಕಿನ ನಮ್ಮೂರಲ್ಲಿ ಅವನ ಹೊಲಕ್ಕೂ ನಮ್ಮ ಹೊಲಕ್ಕೂ ಒಂದೇ ಬಾವಿ. ನೀರಿನ ಪಾಳಿಗಾಗಿ ಜಗಳ ಬಂದು, ಅವನು ಸಲಿಕೆಯಿಂದ ಅಣ್ಣನ ತಲೆಗೆ ಹೊಡೆದಿದ್ದ. ನಾನಾಗ ಆಳಂದದ ಉರ್ದು ಶಾಲೆಯಲ್ಲಿ ಓದುತ್ತಿದ್ದೆ. ಊರಿಗೆ ಬರುವಷ್ಟರಲ್ಲಿ ಎಲ್ಲ ಮುಗಿದಿತ್ತು. ನಾನು ಕಣ್ಣಾರೆ ಕಂಡದ್ದು ಆಮೇಲಿನದು. ಅದನ್ನಷ್ಟೇ ಬರೆಯುತ್ತೇನೆ.

ಒಂದು ಮಧ್ಯಾಹ್ನ ಅವನ ಹೆಂಡತಿ ನಮ್ಮ ಹೊಸ್ತಿಲ ಹೊರಗೆ ಬಂದು ನಿಂತಳು. ಜೇವರ್ಗಿ ಕಡೆಯ ಹೆಣ್ಣುಮಗಳು. ಹಿಂದೆ ಒಬ್ಬ ವಕೀಲ, ಅವನ ಕೈಯಲ್ಲಿ ಬರೆದು ಸಿದ್ಧವಾಗಿದ್ದ ಕ್ಷಮಾದಾನದ ಅರ್ಜಿ. ಸತ್ತವನ ಮನೆಯವರೇ ಹೆಬ್ಬೆಟ್ಟು ಒತ್ತಿದರೆ ಹೈದರಾಬಾದಿನಲ್ಲಿ ಅರ್ಜಿಗೆ ತೂಕ ಬರುತ್ತದೆಂದು ಅವಳಿಗೆ ಯಾರೋ ಹೇಳಿದ್ದರು. ಸೆರಗನ್ನು ಎರಡೂ ಕೈಯಲ್ಲಿ ಹಿಡಿದು ಅವ್ವನ ಮುಂದೆ ಉಡಿಯೊಡ್ಡಿದಳು.

"ಬಾಗಲಾ ಹಾಕ್ಕೋಬೇ ಅಕ್ಕಾ," ಎಂದಳು ಒಳಗಿದ್ದ ಚಿಗವ್ವ.

ಅವ್ವ ಬಾಗಿಲು ಹಾಕಲಿಲ್ಲ. "ಅದರಾಗ ಏನೈತಿ ಓದಿ ಹೇಳಲೇ ತಮ್ಮಾ," ಎಂದಳು ನನಗೆ.

ಅರ್ಜಿ ಉರ್ದುವಿನಲ್ಲಿತ್ತು. ನಾನು ಓದುತ್ತ ಕನ್ನಡದಲ್ಲಿ ಹೇಳಿದೆ. ಅಪರಾಧಿ ಶಾಂತ ಸ್ವಭಾವದವನು, ದೈವಭಕ್ತ, ಎಂದೂ ದನಿ ಎತ್ತಿದವನಲ್ಲ, ವೈರಿಗಳು ಅವನನ್ನು ಸಿಕ್ಕಿಸಿದ್ದಾರೆ, ನಾವು ತುಂಬು ಮನಸ್ಸಿನಿಂದ ಕ್ಷಮಿಸಿದ್ದೇವೆ.

"ಹಿಂಥಾ ದೇವರಂಥಾವನ್ನ ಜೇಲಿನ್ಯಾಗ ಯಾಕ ಇಟ್ಟಾರ್ರೀ ವಕೀಲ್ರ?" ಎಂದಳು ಅವ್ವ. "ಗಾಣಗಾಪುರಕ್ಕ ಒಯ್ದು ಗುಡಿಯಾಗ ಕುಂದ್ರಸ್ರಿ."

ವಕೀಲ ಮುಜುಗರದಿಂದ ನಕ್ಕ. "ಅರ್ಜಿ ಅಂದ್ರ ಹಿಂಗ ಬರೀತಾರವ್ವ. ರಿವಾಜು ಅದು."

"ಸುಳ್ಳಿನ ಮ್ಯಾಲ ಬಟ್ಟು ಒತ್ತಂಗಿಲ್ರಿ ನಾ."

ಎಲ್ಲ ಮುಗಿಯಿತೆಂದುಕೊಂಡು ಆ ಹೆಂಗಸು ಸೆರಗು ಕೆಳಗಿಳಿಸಿದಳು. ಅವ್ವ ಹೊಸ್ತಿಲ ಮೇಲೆ ಕುಳಿತಳು. ನನ್ನತ್ತ ತಿರುಗಿದಳು.

"ನಾ ಹೇಳೂದು ಬರಕೋ. ಆವತ್ತ ಬುತ್ತಿ ತಗೊಂಡು ಹೊಲಕ್ಕ ಹೋಗಿದ್ನಿ. ಬೇಲಿ ಕಡಿಂದ ನೋಡೀನಿ. ನೀರಿನ ಪಾಳಿ ಆ ಮನಶ್ಯಾಂದ ಇತ್ತು. ಮದಲ ಕೈ ಎತ್ತಿದಾಂವ ನನ್ನ ಮಗ. ಬಡಿಗಿ ತಗೊಂಡು ಹೊಡದ. ಆಮ್ಯಾಲ ಅಂವ ಸಲಿಕಿ ಎತ್ತಿದ. ಒಮ್ಮೇ ಹೊಡದ. ಅಷ್ಟಕ್ಕ ಜೀವಾ ಹೋತು."

ನನ್ನ ಕೈ ನಿಂತಿತು. ಅವನು ಹೊಂಚುಹಾಕಿ ಕುಳಿತಿದ್ದನೆಂದು ನಮ್ಮ ಬಂಧುಗಳು ಕೋರ್ಟಿನಲ್ಲಿ ಆಣೆ ಮಾಡಿ ಹೇಳಿದ್ದರು. ನಾನೂ ಅದನ್ನೇ ನಂಬಿದ್ದೆ. ನಮ್ಮ ಮನೆಯ ಹೆಂಗಸರು ಕೋರ್ಟಿನ ಮೆಟ್ಟಿಲು ಹತ್ತುವ ಪದ್ಧತಿ ಇರಲಿಲ್ಲ.

"ಸತ್ತ ಮಗನ ಹೆಸರು ಕೆಡಸ್ತೀಯಲ್ಲಬೇ!" ಚಿಗವ್ವ ಹೊರಗೆ ಬಂದಿದ್ದಳು. "ಇಷ್ಟ ದಿನಾ ಬಾಯಾಗ ಏನ ಇಟಗೊಂಡಿದ್ದಿ?"

"ಯಾರೂ ಕೇಳ್ಲಿಲ್ಲ. ಕೇಳಿದ್ರೂ ಆವಾಗ ಹೇಳ್ತಿದ್ದಿಲ್ಲ. ಹೊಟ್ಟ್ಯಾಗ ಬೆಂಕಿ ಇತ್ತು. ಇವತ್ತೂ ಐತಿ." ಅವ್ವ ಮತ್ತೆ ನನಗೆ ಹೇಳಿದಳು: "ಬರೀಲೇ. ನಿಮ್ಮಣ್ಣ ಒಳ್ಳೇವನ ಇದ್ದ. ಸಿಟ್ಟು ಬಾಳ. ಎರಡೂ ಬರಿ."

ಎರಡನ್ನೂ ಉರ್ದುವಿನಲ್ಲಿ ಬರೆದೆ. ತುಂಬು ಮನಸ್ಸಿನಿಂದ ಕ್ಷಮಿಸಿದ್ದೇವೆ ಎಂಬ ಮಾತಾದರೂ ಕೊನೆಗೆ ಇರಲೆಂದು ವಕೀಲ ಕೇಳಿಕೊಂಡ.

"ಬ್ಯಾಡ. ಅವನ ಮಕ್ಕಳು ಸಣ್ಣವು, ಅಂವನ್ನ ಬಿಡ್ರಿ ಅಂತ ಬರಿ. ಮಾಫ್ ಮಾಡೀನೋ ಇಲ್ಲೋ ನನಗ ಇನ್ನೂ ಗೊತ್ತಾಗಿಲ್ಲ."

ಹೆಬ್ಬೆಟ್ಟನ್ನು ತಾಲ್ಲೂಕು ಕಚೇರಿಯಲ್ಲಿ ಅಧಿಕಾರಿಯ ಎದುರೇ ಒತ್ತಬೇಕಿತ್ತು. ಗಾಡಿ ಕಟ್ಟಿಕೊಂಡು ಅಫಜಲಪುರಕ್ಕೆ ಹೋದೆವು. ಅರ್ಜಿ ಓದಿದ ಅಧಿಕಾರಿ ಅವ್ವನನ್ನು ಬಹಳ ಹೊತ್ತು ನೋಡಿದರು. "ಯಾರರ ಹೆದರಿಸ್ಯಾರೇನವ್ವ ನಿಮಗ?"

"ಹೆದರಸಾಕ ಇನ್ನೇನ ಉಳದೈತ್ರಿ ಸಾಹೇಬ್ರ?"

ಅವರು ಶಾಯಿಯ ಡಬ್ಬಿಯನ್ನು ಅವ್ವನ ಕಡೆಗೆ ಸರಿಸಿದರು. ಅವ್ವ ಒಂದು ಕೈಯನ್ನು ಇನ್ನೊಂದರಿಂದ ಗಟ್ಟಿಯಾಗಿ ಹಿಡಿದು ಹೆಬ್ಬೆಟ್ಟು ಒತ್ತಿದಳು. ಅಕ್ಷರ ಕಲಿತವನು ನಾನು. ಆದರೆ ಬರೆದ ಮಾತಿಗೆ ಅಷ್ಟು ಭಾರವಿರುತ್ತದೆಂದು ನನಗೆ ತಿಳಿದದ್ದು ಆ ಕೈಯನ್ನು ನೋಡಿದಾಗ.

ಬಂಧುಗಳು ನಮ್ಮ ಮನೆಗೆ ಬರುವುದನ್ನು ಬಿಟ್ಟರು. ಮದುವೆಗಳಿಗೆ ಕರೆಯಲಿಲ್ಲ.

ಮರುವರ್ಷ ಹೈದರಾಬಾದಿನಿಂದ ಹುಕುಂ ಬಂತು. ಉಳಿದ ಶಿಕ್ಷೆ ಮಾಫ್ ಆಗಿತ್ತು. ಬಿಡುಗಡೆಯಾದವನು ನೆಟ್ಟಗೆ ನಮ್ಮ ಅಂಗಳಕ್ಕೇ ಬಂದು ಅಡ್ಡಬಿದ್ದ. ಗುರುತೇ ಸಿಗದಷ್ಟು ಸೊರಗಿದ್ದ. ಅವ್ವ ಬಾಗಿಲಿಗೆ ಬಂದು, ಮುಖ ಆಚೆ ತಿರುಗಿಸಿ ನಿಂತಳು.

"ಏಳು. ನಿನ್ನ ಮಾರಿ ನೋಡಾಕ ನನ್ನ ಕಡಿಂದ ಆಗೂದಿಲ್ಲ. ಈ ಕಡಿ ಇನ್ನೊಮ್ಮಿ ಬರಬ್ಯಾಡ. ಹೋಗು, ಮಕ್ಕಳು ಕಾಯಾಕತ್ತಾವ."

ಅವನು ಎದ್ದು ಹೋದ. ಅವ್ವ ಒಳಗೆ ಬಂದು ಗೋಡೆಗೆ ಮುಖ ಮಾಡಿ ಮಲಗಿದಳು. ಸಂಜೆಯವರೆಗೂ ನಾನು ಎಬ್ಬಿಸಲಿಲ್ಲ.