ಹದಿನೈದು ದಿನದ ವಾಯಿದೆ

ದೇಶಮಟ್ಟದ ಕಾರ್ಮಿಕ ಫೆಡರೇಷನ್ ಒಂದಕ್ಕೆ ನಾನು ಅಧ್ಯಕ್ಷನಾಗಿ ಅದು ಎರಡನೇ ವರ್ಷ. ಹುಟ್ಟಿದ್ದು ಕನ್ನಡ ತೆಲುಗು ಎರಡೂ ಆಡುವ ಆಂಧ್ರದ ಗಡಿಯ ಕೌತಾಳಂ, ಕೆಲಸ ಕಲಿತದ್ದು ಪಕ್ಕದ ಆದೋನಿಯ ಹತ್ತಿ ಮಿಲ್ಲೊಂದರಲ್ಲಿ ತೂಕದ ಗುಮಾಸ್ತನಾಗಿ. ಅಧ್ಯಕ್ಷನಾದ ಮೇಲೆ ವರ್ಷದಲ್ಲಿ ಹತ್ತು ತಿಂಗಳು ದೆಹಲಿಯೇ ಗತಿ. ಫೆಡರೇಷನ್ ಎಂದರೆ ಹಲವು ರಾಜ್ಯಗಳ ಸಣ್ಣಪುಟ್ಟ ಸಂಘಗಳ ಒಕ್ಕೂಟ. ಅದರ ಅಧ್ಯಕ್ಷನ ಕೆಲಸ ಭಾಷಣ ಎಂದು ಜನ ತಿಳಿದಿದ್ದಾರೆ. ಭಾಷಣ ಯಾರು ಬೇಕಾದರೂ ಮಾಡಬಹುದು. ಅಧ್ಯಕ್ಷನ ಕೆಲಸ ಸಹಿ ಹಾಕುವುದು, ಹಾಕಿದ ಸಹಿಗೆ ಬದ್ಧನಾಗಿರುವುದು.

ಆ ವರ್ಷ ಹತ್ತಿಯ ಹಂಗಾಮಿನಲ್ಲಿ ಆದೋನಿಯ ಒಂದು ಜಿನ್ನಿಂಗ್ ಮಿಲ್ಲಿನಲ್ಲಿ, ಅಂದರೆ ಹತ್ತಿಯಿಂದ ಬೀಜ ಬಿಡಿಸುವ ಕಾರ್ಖಾನೆಯಲ್ಲಿ, ಹೆಂಗಸೊಬ್ಬಳ ಸೆರಗು ಯಂತ್ರದ ಬೆಲ್ಟಿಗೆ ಸಿಕ್ಕಿ ತೋಳು ಮುರಿಯಿತು. ಬೆಲ್ಟಿನ ಸುತ್ತ ಜಾಲರಿ ಹಾಕುವವರೆಗೂ ಒಳಗೆ ಕಾಲಿಡುವುದಿಲ್ಲವೆಂದು ಕೆಲಸಗಾರರೆಲ್ಲ ಸಮ್ಮೆ ಹೂಡಿದರು. ನನ್ನೂರ ಕಡೆಯ ಮಿಲ್ಲು ಎಂದು ನಾನೇ ಬಂದೆ. ಊರಿನವನು ಬಂದರೆ ಬೇಗ ಮುಗಿಯುತ್ತದೆ ಎಂಬ ಜಂಬವೂ ಇತ್ತು, ಸುಳ್ಳೇಕೆ ಹೇಳಲಿ.

ಕಾರ್ಮಿಕ ಅಧಿಕಾರಿಯ ಕೋಣೆಯಲ್ಲಿ ಮಾತುಕತೆ ನಡೆಯಿತು. ಹದಿನೈದು ದಿನದಲ್ಲಿ ಜಾಲರಿ ಹಾಕಿಸುತ್ತೇವೆ ಎಂದು ಮ್ಯಾನೇಜರ್ ಒಪ್ಪಿಕೊಂಡ. "ಆತು, ಹದಿನೈದು ದಿನ ವಾಯಿದೆ" ಎಂದೆ. ಅಲ್ಲಿಯ ಗುಮಾಸ್ತ ಅದನ್ನು ತೆಲುಗಿನಲ್ಲಿ ಬರೆದು ಗಡಗಡನೆ ಓದಿದ. ವಾಯಿದಾ ಎಂಬ ಮಾತು ಕಿವಿಗೆ ಬಿತ್ತು, ನನ್ನ ಮಾತೇ ಎಂದುಕೊಂಡು ಸಹಿ ಹಾಕಿದೆ.

ಆದೋನಿಯ ಕಡೆ ಹುಟ್ಟಿ ಬೆಳೆದ ಯಾವನೂ ಮಾಡಬಾರದ ತಪ್ಪು ಅದು, ನನಗೆ ತಿಳಿದದ್ದು ಮಾತ್ರ ಮರುದಿನ. ಕನ್ನಡದಲ್ಲಿ ವಾಯಿದೆ ಎಂದರೆ ಗಡುವು. ತೆಲುಗಿನಲ್ಲಿ ವಾಯಿದಾ ಎಂದರೆ ಮುಂದಕ್ಕೆ ಹಾಕುವುದು. ನಾನು ಮಾಲೀಕರಿಗೆ ಗಡುವು ಕೊಟ್ಟಿದ್ದೆ, ಕಾಗದದಲ್ಲಿ ಸಮ್ಮೆಯನ್ನೇ ಹದಿನೈದು ದಿನ ಮುಂದಕ್ಕೆ ಹಾಕಿದ್ದೆ. ಎರಡೂ ಭಾಷೆ ಅಂಗೈಯಲ್ಲಿದ್ದವು, ದೆಹಲಿಯಲ್ಲಿ ಕೂತು ಕಿವಿ ಮಾತ್ರ ಮಂದವಾಗಿತ್ತು.

ಗೇಟಿನ ಬಳಿ ಆಗ ಕೌತಾಳಂ ಕಡೆಯ ಹನ್ನೆರಡು ಹೆಂಗಸರಷ್ಟೇ ಇದ್ದರು. ಅವರ ಮುಂದಾಳು ಈರಮ್ಮ. "ಮಾಲೀಕರಿಗೆ ಹದಿನೈದು ದಿನ ವಾಯಿದೆ ಕೊಟ್ಟೀನಿ, ಗಟ್ಟಿಯಾಗಿ ಕೂಡ್ರಿ" ಎಂದು ಹೇಳಿದೆ. ಅವರು ಬಸ್ಸು ಹತ್ತಿ ಊರಿಗೆ ಹೋದರು. ಆಮೇಲೆ ಮಿಲ್ಲಿನವರು ಆ ಕಾಗದವನ್ನು ಗೇಟಿಗೆ ಅಂಟಿಸಿದರು. ಉಳಿದ ಕೆಲಸಗಾರರೆಲ್ಲ ಅದನ್ನು ಓದಿ, ಅಧ್ಯಕ್ಷರ ಸಹಿ ನೋಡಿ, ಮರುದಿನ ಬೆಳಿಗ್ಗೆ ಕೆಲಸಕ್ಕೆ ಹೋದರು.

ನಾನು ಅದೇ ಬೆಳಿಗ್ಗೆ ದೆಹಲಿಯ ರೈಲು ಹತ್ತಿದ್ದೆ. ರಾಯಚೂರು ಬರುವಷ್ಟರಲ್ಲಿ ಈರಮ್ಮನ ಫೋನು.

"ಅಣ್ಣಾರ, ಮಿಲ್ಲು ನಡದೈತಿ. ನಾವು ಹನ್ನೆರಡ ಮಂದಿ ಹೊರಗ ಅದೀವಿ. ಹಾಜರಿಯಾಗ ನಮ್ಮ ಹೆಸರು ಹೊಡದ ಹಾಕ್ಯಾರಂತ. ನಿನ್ನೆ ನೀವು ಏನಂತ ಹೇಳಿದ್ರಿ?"

ಅಲ್ಲಿಯೇ ಇಳಿದು ಆದೋನಿಯ ಬಸ್ಸು ಹಿಡಿದೆ. ಕೋಣೆ ಅದೇ, ಕುರ್ಚಿ ಅದೇ. ಮ್ಯಾನೇಜರ್ ಕಾಗದವನ್ನು ನನ್ನ ಮುಂದೆ ಸರಿಸಿದ.

"ಸಂತಕಂ ಪೆಟ್ಟಾರು ಕದಾ, ಸಹಿ ಹಾಕೀರಲ್ಲ, ಅಧ್ಯಕ್ಷರ. ಈ ಸೈನ್ ನಂದಲ್ಲ ಅನ್ರಿ, ಇಲ್ಲಾ ಆ ಹೆಂಗಸ್ರು ಸುಳ್ಳು ಹೇಳ್ತಾರ ಅನ್ರಿ. ಎರಡ್ರಾಗ ಒಂದು."

ಸಹಿ ವಾಪಸು ಪಡೆದರೆ ನಾಳೆ ಯಾವ ರಾಜ್ಯದಲ್ಲೂ ನಮ್ಮ ಕಾಗದ ನಿಲ್ಲುವುದಿಲ್ಲ ಎಂದು ದೆಹಲಿಯಿಂದ ನಮ್ಮ ಕಾರ್ಯದರ್ಶಿ ಫೋನಿನಲ್ಲಿ ಎಚ್ಚರಿಸಿದ್ದರು. ಅದೂ ನಿಜವೇ. ಕಾಗದ ನಂಬಿ ಒಳಗೆ ಹೋದವರನ್ನು ಸಮ್ಮೆ ಮುರಿದವರು ಎನ್ನಲೂ ಬಾಯಿ ಬರಲಿಲ್ಲ. ನನ್ನ ಮಾತು ನಂಬಿದ ಹನ್ನೆರಡು ಮಂದಿಯನ್ನು ಕೈಬಿಡುವುದಂತೂ ಆಗದ ಮಾತು. ಯಾವ ಕಡೆ ತಿರುಗಿದರೂ ನನ್ನದೇ ಸಹಿ ಅಡ್ಡ ನಿಂತಿತ್ತು. ಅಷ್ಟು ದೊಡ್ಡ ಹುದ್ದೆಯಲ್ಲಿ ಕೂತು ಅಷ್ಟು ಅಸಹಾಯಕನಾಗಿ ನಾನು ಎಂದೂ ಇರಲಿಲ್ಲ.

ಬಿಳಿ ಹಾಳೆ ತೆಗೆದುಕೊಂಡು ತೆಲುಗಿನಲ್ಲಿ ನಾನೇ ಬರೆದೆ: ಈ ಹೆಂಗಸರು ನಾನು ಹೇಳಿದಂತೆ ನಡೆದಿದ್ದಾರೆ, ತಪ್ಪು ನನ್ನದು. ಮ್ಯಾನೇಜರ್ ಅವರ ಹೆಸರನ್ನು ಹಾಜರಿಗೆ ಮತ್ತೆ ಸೇರಿಸಲು ಒಪ್ಪಿದ. ಒಂದೇ ಷರತ್ತು: ಕಾಗದದ ಅರ್ಥವೇ ಅರ್ಥ, ಹದಿನೈದು ದಿನ ಸಮ್ಮೆ ಇಲ್ಲ. ಅದಕ್ಕೂ ಸಹಿ ಹಾಕಿದೆ.

ಗೇಟಿಗೆ ಬಂದು ಹೇಳಿದಾಗ ಈರಮ್ಮ ಕೇಳಿದಳು.

"ಕೆಲಸ ಉಳಿಸಿದ್ರಿ, ಸರಿ. ಬೆಲ್ಟು ಹಾಂಗ ಐತಲ್ರಿ ಅಣ್ಣಾರ. ನಿಮ್ಮ ಮಾತು ಕೇಳಿ ಹೊರಗ ಕುಂತ್ವಿ. ಈಗ ನಿಮ್ಮ ಮಾತು ಕೇಳೇ ಒಳಗ ಹೋಗಬೇಕೇನು?"

"ಹೌದವ್ವ" ಎಂದೆ. ನನ್ನ ಬದುಕಿನಲ್ಲಿ ಅದಕ್ಕಿಂತ ನಾಚಿಕೆಯ ಮಾತು ಆಡಿಲ್ಲ.

ದೆಹಲಿಗೆ ಹೋಗಲಾಗಲಿಲ್ಲ. ದಿನವೂ ಗೇಟಿನೆದುರಿನ ಚಹದಂಗಡಿಯಲ್ಲಿ ಕೂತು ಯಂತ್ರದ ಸದ್ದು ಕೇಳುತ್ತಿದ್ದೆ, ಸಂಜೆ ಹೊರಬರುವ ಆ ಹೆಂಗಸರನ್ನು ಎಣಿಸುತ್ತಿದ್ದೆ. ಒಂದು ಮಧ್ಯಾಹ್ನ ಸದ್ದು ತಟ್ಟನೆ ನಿಂತಿತು. ಗ್ಲಾಸು ಬಿಟ್ಟು ಓಡಿದೆ. ಕಾವಲುಗಾರ ಗೇಟು ತೆಗೆಯಲಿಲ್ಲ. ಸರಳು ಹಿಡಿದು ಈರಮ್ಮಾ ಎಂದು ಕೂಗಿದೆ. "ಕರೆಂಟು ಹೋಗೈತ್ರಿ, ಸುಮ್ಕಿರ್ರಿ" ಎಂದ ಅವನು. ದೇಶದ ಸಂಘಗಳಿಗೆಲ್ಲ ಅಧ್ಯಕ್ಷ, ಒಂದು ಗೇಟು ದಾಟಲಾರದೆ ಬಿಸಿಲಿನಲ್ಲಿ ನಿಂತಿದ್ದೆ.

ಜಾಲರಿ ಬಂದದ್ದು ಹದಿನಾಲ್ಕನೇ ದಿನ. ಅಷ್ಟರಲ್ಲಿ ಯಾರಿಗೂ ಏನೂ ಆಗಿರಲಿಲ್ಲ. ಅದರಲ್ಲಿ ನನ್ನ ಜಾಣತನ ಏನೇನೂ ಇಲ್ಲ. ಆ ಸಂಜೆ ಈರಮ್ಮ ಎಲ್ಲರನ್ನೂ ಕರೆದುಕೊಂಡು ನೇರ ಚಹದಂಗಡಿಗೇ ಬಂದಳು.

"ಹನ್ನೆರಡೂ ಮಂದಿ ಅದೀವಿ, ಎಣಿಸ್ಕೋರಿ. ಇನ್ನ ಡೆಲ್ಲಿಗೆ ಹೋಗ್ರಿ. ಮುಂದಿನ ಸಲ ಸೈನ್ ಹಾಕೂಕಿಂತ ಮೊದ್ಲು ನಮ್ಮನ್ನ ಒಳಗ ಕರೀರಿ. ನಮಗ ಓದಾಕ ಬರಂಗಿಲ್ಲ, ಕೇಳಾಕ ಬರತೈತಿ."

ಅಲ್ಲಿಂದ ಮುಂದೆ ನಾನು ಯಾವ ಒಪ್ಪಂದಕ್ಕೂ ಒಬ್ಬನೇ ಸಹಿ ಹಾಕಿಲ್ಲ. ನಾಳೆ ಯಂತ್ರದ ಮುಂದೆ ನಿಲ್ಲುವವರೊಬ್ಬರನ್ನು ಕೋಣೆಗೆ ಕರೆಸುತ್ತೇನೆ. ಕಾಗದ ಓದಿಸುತ್ತೇನೆ. ಅದರಲ್ಲಿ ಏನಿದೆ ಎಂದು ಅವರು ತಮ್ಮ ಮಾತಿನಲ್ಲಿ ತಿರುಗಿ ಹೇಳಿದ ಮೇಲೆಯೇ ಪೆನ್ನು ತೆಗೆಯುತ್ತೇನೆ. ತಡವಾಗುತ್ತದೆ ಎಂದು ಅಧಿಕಾರಿಗಳು ಗೊಣಗುತ್ತಾರೆ. ಗೊಣಗಲಿ, ಆ ಗೇಟಿನ ಹೊರಗೆ ನಿಂತು ಕಾದವರು ಅವರಲ್ಲ.