ಲೆಂಪಿ ಕೇಳಲು ಹೋದ ರುಜು

“ಬರ್ಕೊ ಡೋರೀನ್, ನಾನು ಹೇಳಿದ ಹಾಗೇ ಬರ್ಕೊ. ನನ್ನ ಎಡಗಡೆ ಎದೆ ತೆಗೆದ್ರು. ಅದು ನನ್ನ ಮೈ, ನನ್ನ ಕಾಯಿಲೆ. ಯಾರಿಗೆ ಹೇಳ್ಬೇಕು, ಯಾರಿಗೆ ಬೇಡ ಅನ್ನೋದೂ ನಂದೇ ತಾನೆ? ಅಕ್ಕನಿಗೆ ಹೇಳ್ಬೇಕು ಅಂತಾನೇ ಇದ್ದೆ ನಾನು. ಗಾಯ ಮಾಗ್ಲಿ ಅಂದ್ಕೊಂಡೆ, ಮಾಗ್ತು. ಹಿಮ ಕರಗ್ಲಿ ಅಂದ್ಕೊಂಡೆ, ಕರಗ್ತು. ಅವಳ ಮಂಡಿನೋವು ಸ್ವಲ್ಪ ಇಳೀಲಿ ಅಂತ ಕಾದೆ. ಅಷ್ಟರಲ್ಲಿ ಈ ಆಸ್ಪತ್ರೆಯವ್ರು ನನ್ನ ವಿಷಯ ತಗೊಂಡೋಗಿ ಜಾಹೀರಾತಿನವ್ರಿಗೆ ಕೊಟ್ರು, ಅವ್ರು ಅದನ್ನ ಅಕ್ಕನ ಮನೆ ಟ್ಯಾಬ್ಲೆಟ್ಟಿಗೇ ತಂದು ಸುರಿದ್ರು. ಅಡುಗೆ ನೋಡೋಕೆ ತೆರೆದ್ರೆ ಎದೆ ತೆಗೆಸಿದವ್ರು ಹಾಕ್ಕೊಳ್ಳೋ ಒಳಉಡುಪು, ಹವಾಮಾನ ನೋಡೋಕೆ ತೆರೆದ್ರೂ ಅದೇ. ನನ್ನ ಬಾಯಿಂದ ಕೇಳ್ಬೇಕಾದ್ದನ್ನ ಅವಳು ಒಂದು ಗಾಜಿನ ಹಲಗೆಯಿಂದ ತಿಳ್ಕೊಂಡ್ಳು. ಆಚೆ ವರ್ಷ ಆಲೂಗಡ್ಡೆ ಅಗೆಯೋ ಕಾಲಕ್ಕೆ ಮಾತು ಬಿಟ್ಟೋಳು ಇವತ್ತಿನವರೆಗೂ ಆಡಿಲ್ಲ. ದುಡ್ಡು ಕೊಟ್ರೆ ಕೊಡ್ಲಿ, ಬಿಟ್ರೆ ಬಿಡ್ಲಿ. ನನ್ನಕ್ಕನ್ನ ನನ್ನಿಂದ ಕಿತ್ಕೊಂಡ್ರು ಅಂತ ಬರಿ. ಯಾರಾದ್ರೂ ಒಬ್ರು ಓದ್ಲಿ ಅದನ್ನ.”

ಊರಿನ ಗ್ರಂಥಾಲಯದ ಡೋರೀನ್ ಕೀಲಿಮಣೆಯ ಮೇಲೆ ಬೆರಳು ನಿಲ್ಲಿಸಿ ಕೂತಳು. ತೆರಿಗೆ ಕಾಗದ, ಪಿಂಚಣಿ ಕಾಗದ ಏನೇ ಇದ್ದರೂ ಹೆಮ್‌ಲಾಕ್ ಹಾರ್ಬರಿನ ಮುದುಕರೆಲ್ಲ ಅವಳ ಮೇಜಿಗೇ ಬರುವುದು. ಆ ತಿಂಗಳು ಬಂದವರ ಕೈಯಲ್ಲೆಲ್ಲ ಇದೇ ನೋಟೀಸು. ದೂರದ ನಗರದ ದೊಡ್ಡ ಆಸ್ಪತ್ರೆ ತನ್ನ ರೋಗಿಗಳ ಸಂಗತಿಯನ್ನು ಹೊರಗಿನವರಿಗೆ ದಾಟಿಸಿತು ಎಂದು ಎಲ್ಲರ ಪರವಾಗಿ ಒಂದೇ ಮೊಕದ್ದಮೆ ನಡೆದಿತ್ತು. ತಪ್ಪು ಮಾಡಿದೆವೆಂದು ಒಪ್ಪದೆಯೇ ಆಸ್ಪತ್ರೆ ರಾಜಿಗೆ ಬಂದಿತ್ತು; ಪರಿಹಾರ ಬೇಕಾದ ರೋಗಿಗಳು ನೋಟೀಸಿನ ಜೊತೆಗಿದ್ದ ಅರ್ಜಿ ತುಂಬಿ ಕಳಿಸಬೇಕಿತ್ತು.

“ಇಷ್ಟೆಲ್ಲಾ ಹಿಡಿಯಲ್ಲ ಲೆಂಪಿ. ಜಾಗ ನೋಡು, ಇಷ್ಟೇ.”

“ಅವ್ರು ಪುಟಗಟ್ಲೆ ಬರೀಬಹುದು, ನಂಗೆ ಅಂಗೈಯಷ್ಟು ಜಾಗಾನಾ?”

“ಸುಮ್ನೆ ಮೇಲಿನ ಚೌಕಕ್ಕೆ ಗುರುತು ಹಾಕಿಬಿಡು. ಎಲ್ರಿಗೂ ಕೊಡೋ ಅಷ್ಟೋ ಇಷ್ಟೋ ಡಾಲರು ನಿಂಗೂ ಬರುತ್ತೆ. ಕೆಳಗಿಂದು ಬೇರೆ. ಅದು ಹೆಚ್ಚಿನ ನಷ್ಟ ಆದವ್ರಿಗೆ. ಅದಕ್ಕೆ ನಡೆದದ್ದು ಬಲ್ಲವ್ರು ಇನ್ನೊಬ್ರು ರುಜು ಹಾಕ್ಬೇಕು. ಯಾರಿಗೆ ಗೊತ್ತು ಇದೆಲ್ಲಾ?”

“ಅಕ್ಕನಿಗೆ.”

“ಮತ್ಯಾರಿಗೂ?”

“ಮತ್ಯಾರೂ ಇಲ್ಲ.”

ಡೋರೀನ್ ಮೇಲಿನ ಚೌಕಕ್ಕೆ ಗುರುತು ಹಾಕಿ, ಕೆಳಗೆ ಹಿಡಿದಷ್ಟನ್ನು ಅಚ್ಚುಹಾಕಿ ಕೈಗಿತ್ತಳು.

ಲೆಂಪಿ ಹಾರ್ಯು ಮಾತು ಕಡಿಮೆಯವಳು. ಗಣಿ ಕೆಲಸಕ್ಕೆಂದು ಫಿನ್‌ಲೆಂಡಿನಿಂದ ಬಂದು ಸುಪೀರಿಯರ್ ಸರೋವರದ ದಡದಲ್ಲಿ ಬೇರುಬಿಟ್ಟ ಜನರೆಲ್ಲ ಹಾಗೆಯೇ, ಆದರೆ ಅವರಲ್ಲೂ ಅವಳು ಒಂದು ಕೈ ಮೇಲು. ಮಕ್ಕಳನ್ನು ಶಾಲೆಗೆ ಒಯ್ಯುವ ಹಳದಿ ಬಸ್ಸನ್ನು ಅವಳು ಕೂದಲು ನರೆಯುವವರೆಗೂ ಓಡಿಸಿದಳು. ಹಿಂದಿನ ಸೀಟುಗಳಲ್ಲಿ ಕೂತ ಮಕ್ಕಳು ಅಪ್ಪ ಕುಡಿದು ಬಂದದ್ದು, ಅಮ್ಮ ಅತ್ತದ್ದು ಎಲ್ಲವನ್ನೂ ಮಾತಾಡಿಕೊಳ್ಳುತ್ತಿದ್ದವು. ಅವುಗಳಲ್ಲಿ ಒಂದು ಮಾತೂ ಬಸ್ಸಿನಿಂದ ಇಳಿಯಲಿಲ್ಲ. ಬೇರೆಯವರ ಎದೆಯ ಮೇಲೆ ಭಾರ ಹೇರದೆ ಇರುವುದೇ ಮರ್ಯಾದೆ ಎಂದು ಅವಳು ನಂಬಿದ್ದಳು. ಗಂಡ ಆರ್ವೊ ಕಾಡಿನಲ್ಲಿ ಮೈಮೇಲೆ ಮರ ಬಿದ್ದು ತೀರಿಹೋದಾಗ ಕೂಡ, ಮಾರನೆಯ ವಾರವೇ ಬಸ್ಸು ಹತ್ತಿದ್ದಳು.

ಅವಳಿಗಿದ್ದದ್ದು ಅಕ್ಕ ಔನೆ ಒಬ್ಬಳೇ. ಅವರ ತಾಯಿಯನ್ನು ತಿಂದದ್ದೂ ಇದೇ ಕಾಯಿಲೆ. ಆಗ ಲೆಂಪಿ ಇನ್ನೂ ಲಂಗದ ಹುಡುಗಿ. ಔನೆ ಶಾಲೆ ಬಿಟ್ಟು, ತಾಯಿಯ ಗಾಯ ತೊಳೆದಳು, ಬಟ್ಟೆ ಕುದಿಸಿದಳು, ಕೊನೆಗೆ ಕಣ್ಣೂ ಮುಚ್ಚಿದಳು. ಆಮೇಲೆ ತಂಗಿಯ ಜಡೆ ಹಾಕುತ್ತ, ಏಲಕ್ಕಿ ರೊಟ್ಟಿ ಸುಡುತ್ತ ಅವಳೇ ತಾಯಿಯಾದಳು. ಮದುವೆ ಎಂದು ಕೇಳಿಬಂದವರಿಗೆ, “ಮನೇಲಿ ಒಂದು ಮಗು ಇದೆ” ಎನ್ನುತ್ತಿದ್ದಳಂತೆ. ಆ ಮಗು ಬೆಳೆದು ಮದುವೆಯಾಗಿ ಕಾಡಿನಂಚಿನ ಮನೆಗೆ ಹೋದರೂ ಶನಿವಾರ ಮಾತ್ರ ತಪ್ಪಲಿಲ್ಲ. ಶನಿವಾರ ಸಂಜೆ ಔನೆಯ ಹಿತ್ತಲಿನ ಸೌನಾದಲ್ಲಿ ಒಲೆ ಉರಿಯುತ್ತಿತ್ತು. ಕಾದ ಕಲ್ಲಿನ ಮೇಲೆ ನೀರು ಚೆಲ್ಲಿ, ಏಳುವ ಹಬೆಯಲ್ಲಿ ಇಬ್ಬರೂ ಬೆತ್ತಲೆ ಕೂತು, ಒಬ್ಬರ ಬೆನ್ನು ಒಬ್ಬರು ಉಜ್ಜಿ ಮೀಯುತ್ತಿದ್ದರು. ಅಲ್ಲಿ ನಾಚಿಕೆಯಿಲ್ಲ, ಮಾತೂ ಹೆಚ್ಚಿಲ್ಲ.

ಕಾಯಿಲೆ ಗೊತ್ತಾದ ಮೇಲೆ ಲೆಂಪಿಗೆ ಕಂಡದ್ದು ಒಂದೇ ದಾರಿ. ಅಕ್ಕ ಇನ್ನೊಮ್ಮೆ ಬಟ್ಟೆ ಕುದಿಸಬಾರದು. ಆರ್ವೊನ ಕಡೆಯ ನೆಂಟರ ಮನೆಗೆ ಹೋಗುತ್ತೇನೆಂದು ಹೇಳಿ ಆಸ್ಪತ್ರೆ ಸೇರಿದಳು. ಬಂದ ಮೇಲೆ, ರಕ್ತದೊತ್ತಡಕ್ಕೆ ಡಾಕ್ಟರು ಬಿಸಿ ಬೇಡ ಅಂದಿದ್ದಾರೆಂದು ಸೌನಾ ಬಿಟ್ಟು, ಶನಿವಾರ ಕಾಫಿಗೆ ಮಾತ್ರ ಬರತೊಡಗಿದಳು. ಅವಳ ಮನೆಯ ಕಡೆ ಇಂಟರ್ನೆಟ್ ಇರಲಿಲ್ಲ. ಪರೀಕ್ಷೆಯ ಫಲಿತಾಂಶ ನೋಡಲು ಅಕ್ಕನ ಮನೆಗೇ ಬಂದು, ಹೊಲಿಗೆಯ ನಮೂನೆ ಹುಡುಕುತ್ತೇನೆಂದು ಅವಳ ಟ್ಯಾಬ್ಲೆಟ್ಟಿನಲ್ಲೇ ಆಸ್ಪತ್ರೆಯ ಪುಟ ತೆರೆಯುತ್ತಿದ್ದಳು. ನೋಡಿ ಮುಚ್ಚಿದರೆ ಮುಗಿಯಿತು ಅಂದುಕೊಂಡಿದ್ದಳು.

ಆಲೂಗಡ್ಡೆ ಅಗೆಯುವ ದಿನ ಔನೆ ಸಲಿಕೆಗೆ ಒರಗಿ ನಿಂತು, “ನಂಗೆ ಹೇಳೋದೇನಾದ್ರೂ ಇದೆಯೇನೇ?” ಎಂದಳು. “ಇಲ್ಲವಲ್ಲ ಅಕ್ಕ” ಎಂದಳು ಲೆಂಪಿ. ಔನೆ ಒಳಗೆ ಹೋಗಿ ಟ್ಯಾಬ್ಲೆಟ್ ತಂದು ಅವಳ ಮಡಿಲಿಗೆ ಹಾಕಿದಳು. “ಇದು ಹೇಳ್ತು” ಎಂದು ಬಾಗಿಲು ಹಾಕಿಕೊಂಡಳು. ಅಷ್ಟೇ.

ಈಗ ಜನವರಿ. ಲೆಂಪಿ ಆ ಕಾಗದವನ್ನು ಕೋಟಿನ ಒಳಜೇಬಿನಲ್ಲಿಟ್ಟುಕೊಂಡು ಅಕ್ಕನ ಬಾಗಿಲಲ್ಲಿ ನಿಂತಳು. ರುಜು ಒಂದು ನೆಪ. ತಪ್ಪು ಆಸ್ಪತ್ರೆಯದು ಎಂದು ಇಬ್ಬರೂ ಒಂದೇ ಕಾಗದದಲ್ಲಿ ಹೆಸರು ಹಾಕಿದರೆ, ಅಕ್ಕ ತನ್ನ ಕಡೆಗೆ ಬಂದ ಹಾಗೆಯೇ ಎಂದು ದಾರಿಯುದ್ದಕ್ಕೂ ಆಸೆ ಕಟ್ಟಿಕೊಂಡು ಬಂದಿದ್ದಳು.

“ಬಾಗಿಲು ಹಾಕು. ಊರಿಗೆಲ್ಲಾ ಬಿಸಿ ಮಾಡೋಕೆ ನಾನು ಸೌದೆ ಕಡೀತಾ ಇಲ್ಲ” ಎಂದಳು ಔನೆ. ವರ್ಷದ ಮೇಲೆ ಆಡಿದ ಮೊದಲ ಮಾತು ಅದು. ಕೋಲೂರಿಕೊಂಡೇ ಕಾಫಿ ಬಗ್ಗಿಸಿದಳು. ಮುಖ ನೋಡಲಿಲ್ಲ. ಲೆಂಪಿ ಕಾಗದ ಮುಂದಿಟ್ಟಳು. ಔನೆ ಭೂತಗನ್ನಡಿ ಹಿಡಿದು ಒಂದೊಂದೇ ಪದ ಓದಿದಳು.

“ಕಿತ್ಕೊಂಡ್ರು ಅಂತ ಬರ್ಸಿದೀಯ. ಯಾರೇ ಕಿತ್ಕೊಂಡಿದ್ದು?”

“ಆಸ್ಪತ್ರೆಯವ್ರು. ಅವ್ರು ಬಾಯಿ ಮುಚ್ಕೊಂಡಿದ್ದಿದ್ರೆ ನಾನೇ ಹೇಳ್ತಿದ್ದೆ.”

“ಯಾವಾಗ? ನನ್ನ ಹೆಣದ ಪೆಟ್ಟಿಗೆಗೆ ಮೊಳೆ ಹೊಡೆದ ಮೇಲಾ?”

ಲೆಂಪಿ ಕಪ್ಪನ್ನು ತಿರುಗಿಸುತ್ತ ಕೂತಳು.

“ಆ ಚಿತ್ರಗಳು ಬರೋಕೆ ಶುರುವಾದಾಗ ನಾನು ಏನಂದ್ಕೊಂಡೆ ಗೊತ್ತೇನೇ ನಿಂಗೆ?” ಔನೆಯ ದನಿ ಇಳಿಯಿತು. “ನಂಗೇ ಬಂದಿದೆ ಅಂದ್ಕೊಂಡೆ. ಈ ಯಂತ್ರಕ್ಕೆ ಏನೇನೋ ತಿಳಿಯುತ್ತಂತಲ್ಲ, ನನ್ನ ಮೈಯೊಳಗಿಂದೂ ತಿಳೀತು, ಅಮ್ಮನ್ನ ತಗೊಂಡೋಗಿದ್ದೇ ನನ್ನೂ ಹುಡುಕ್ಕೊಂಡು ಬಂತು ಅಂತ. ಮಲಗಿದಾಗೆಲ್ಲಾ ಕೈಯಲ್ಲಿ ಒತ್ತಿ ಒತ್ತಿ ನೋಡ್ಕೋತಿದ್ದೆ. ಕೊನೆಗೆ ಒಬ್ಳೇ ಹೋಗಿ ಪರೀಕ್ಷೆ ಮಾಡಿಸ್ಕೊಂಡೆ. ಉತ್ತರ ಬರೋವರೆಗೂ ಊಟ ಇಳೀಲಿಲ್ಲ.”

“ಅಯ್ಯೋ ಅಕ್ಕ… ನಂಗೆ ಒಂದು ಮಾತು ಹೇಳ್ಬಾರ್ದಿತ್ತಾ?”

“ನೀನು ಹೆದರ್ತೀಯ ಅಂತ ಹೇಳ್ಲಿಲ್ಲ.”

ಹೊರಗೆ ಗಾಳಿ ಕಿಟಕಿಗೆ ಹಿಮ ಎರಚುತ್ತಿತ್ತು. ಲೆಂಪಿಗೆ ಒಂದು ಗಳಿಗೆ ಎದೆ ಹಗುರವಾಯಿತು. “ನೋಡು, ನೀನೂ ಮುಚ್ಚಿಟ್ಟೆ, ನಾನೂ ಮುಚ್ಚಿಟ್ಟೆ. ಇಬ್ರೂ ಒಂದೇ ಅಲ್ವಾ?”

“ಒಂದಲ್ಲ ಕಣೇ. ನೀನು ಕೇಳಿದ್ದಿದ್ರೆ ನಾನು ಹೇಳಿಬಿಡ್ತಿದ್ದೆ. ನಂಗೇನೂ ಇಲ್ಲ ಅಂತ ಡಾಕ್ಟರು ಅಂದ್ರಲ್ಲ, ಆಗ ಕೂತು ಯೋಚ್ನೆ ಮಾಡ್ದೆ. ಈ ಹಲಗೆ ಮುಟ್ಟಿದೋರು ಇನ್ಯಾರು? ನೀನೊಬ್ಳೇ. ಗೊತ್ತಾದ ಮೇಲೂ ಕಾದೆ. ಇವತ್ತು ಹೇಳ್ತಾಳೆ, ಈ ಶನಿವಾರ ಹೇಳ್ತಾಳೆ ಅಂತ. ಬೇಸಿಗೆ ಪೂರಾ ಕಾದೆ. ತಡೀಲಾರ್ದೆ ನಾನೇ ಬಾಯಿಬಿಟ್ಟು ಕೇಳ್ದೆ. ನನ್ನ ಮುಖ ನೋಡ್ಕೊಂಡು ಇಲ್ಲ ಅಂದೆ ನೀನು.”

ಔನೆಯ ಕಣ್ಣು ತಂಗಿಯ ಕೋಟಿನ ಎಡಗಡೆಗೆ ಹೋಯಿತು.

“ಗಾಯಕ್ಕೆ ಬಟ್ಟೆ ಯಾರು ಕಟ್ತಿದ್ರು?”

“ಒಬ್ಳು ನರ್ಸು ಕಾರಲ್ಲಿ ಬರ್ತಿದ್ಳು.”

“ಕೈ ತಣ್ಣಗಿತ್ತಾ ಅವಳದು?”

“ಹೂಂ. ತಣ್ಣಗಿತ್ತು.”

ಔನೆ ತನ್ನ ಎರಡೂ ಕೈಗಳನ್ನು ಮೇಜಿನ ಮೇಲೆ ಬಿಡಿಸಿ ಇಟ್ಟುಕೊಂಡು ಅವನ್ನೇ ನೋಡುತ್ತ ಕೂತಳು. ಗೆಣ್ಣು ಊದಿದ, ಕೆಂಪಗಿನ ಕೈಗಳು. ಅವಳ ಕಣ್ಣಲ್ಲಿ ನೀರು ಬರಲಿಲ್ಲ. ಬಂದಿದ್ದರೆ ಚೆನ್ನಾಗಿತ್ತು ಅನ್ನಿಸಿತು ಲೆಂಪಿಗೆ.

“ಕೆಳಗೆ ಬರ್ದಿದೆ ನೋಡು” ಎಂದು ಔನೆ ಕಾಗದವನ್ನು ಇತ್ತ ತಳ್ಳಿದಳು. “ಇದೆಲ್ಲಾ ಸತ್ಯ ಅಂತ ಪ್ರಮಾಣ ಮಾಡ್ಬೇಕಂತೆ. ಅವ್ರು ಹೆದರಿಸಿದ್ರು ನನ್ನ, ಅದು ನಿಜ. ಅದಕ್ಕೆ ರುಜು ಬೇಕಾದ್ರೆ ಹಾಕ್ತೀನಿ. ಆದ್ರೆ ನಾನು ಆ ಆಸ್ಪತ್ರೆ ರೋಗಿ ಅಲ್ಲ, ನನ್ನ ಹೆದರಿಕೆಗೆ ಇದ್ರಲ್ಲಿ ಜಾಗ ಇಲ್ಲ. ನನ್ನ ನಿನ್ನಿಂದ ಅವ್ರು ಕಿತ್ಕೊಂಡ್ರು ಅನ್ನೋದಕ್ಕೆ ನನ್ನ ಹೆಸರು ಹಾಕಲ್ಲ. ಅದು ಅವ್ರ ಕೆಲ್ಸ ಅಲ್ಲ.”

ಲೆಂಪಿ ಕಾಗದವನ್ನು ತನ್ನ ಕಡೆ ಎಳೆದುಕೊಂಡಳು. ಆಮೇಲೆ ಕಿಟಕಿಯ ಬಳಿ ಬಿದ್ದಿದ್ದ ಪೆನ್ನು ತೆಗೆದುಕೊಂಡು, ಡೋರೀನ್ ಅಚ್ಚುಹಾಕಿದ್ದ ಸಾಲುಗಳ ಮೇಲೆ ಒಂದೇ ಗೆರೆ ಎಳೆದಳು. ಮೇಲಿನ ಚೌಕದ ಗುರುತನ್ನು ಹಾಗೇ ಬಿಟ್ಟಳು. ಅದರಲ್ಲಿ ಅಕ್ಕನ ವಿಷಯವೇನೂ ಇರಲಿಲ್ಲ.

“ತಪ್ಪಾಯ್ತಕ್ಕ.”

“ಹೂಂ.”

“ಶನಿವಾರ ಬರ್ಲಾ?”

“ಸೌನಾದ ತುಂಬಾ ಹಳೇ ಪೆಟ್ಟಿಗೆ ಇಟ್ಟಿದೀನಿ. ಒಲೆ ಹೊತ್ತಿಸೋ ಮನಸ್ಸಿಲ್ಲ.”

“ಸುಮ್ನೆ ಕಾಫಿಗೆ?”

ಔನೆ ಕೋಲಿನ ತುದಿಯಿಂದ ನೆಲದ ಚಾಪೆ ಸರಿ ಮಾಡಿದಳು. “ಬೇಡ ಲೆಂಪಿ. ಈಗ್ಲೇ ಬೇಡ. ನಿನ್ನ ಕಂಡಾಗೆಲ್ಲಾ ನೀನು ಇನ್ನೇನು ಮುಚ್ಚಿಟ್ಟಿದೀಯೋ ಅಂತ ಹುಡುಕ್ತೀನಿ. ಅದು ನಂಗೂ ಸುಖ ಅಲ್ಲ, ನಿಂಗೂ ಅಲ್ಲ. ಕತ್ತಲಾಗೋ ಮುಂಚೆ ಹೊರಡು, ರಸ್ತೆ ಮುಚ್ಕೊಳ್ಳುತ್ತೆ.”

ಲೆಂಪಿ ಬೂಟು ಹಾಕಿಕೊಂಡಳು. ಬಾಗಿಲು ತೆರೆದರೆ, ಅವಳು ಬಂದ ಹೆಜ್ಜೆಗಳು ಆಗಲೇ ತುಂಬಿಹೋಗಿ, ಮೆಟ್ಟಿಲ ಮೇಲೆ ಮೊಣಕಾಲಿನ ತನಕ ಹಿಮ ಕೂತಿತ್ತು. ಮಂಡಿ ಬಾಗದ ಅಕ್ಕ ನಾಳೆ ಇದನ್ನು ದಾಟುವುದು ಹೇಗೆ? ಹಿಮ ತಳ್ಳುವ ಅಗಲ ಮೊರ ಗೋಡೆಗೆ ಒರಗಿತ್ತು. ಲೆಂಪಿ ಅದನ್ನು ಹಿಡಿದು ಮೆಟ್ಟಿಲಿಗೆ ಹಾಕಿದಳು. ಎಡಗೈ ಇನ್ನೂ ಪೂರ್ತಿ ಏಳುತ್ತಿರಲಿಲ್ಲ, ಬಲಗಡೆಯಿಂದಲೇ ಒತ್ತಿ ನೂಕಿದಳು. ಮೆಟ್ಟಿಲು ಮುಗಿದ ಮೇಲೆ ಸೌದೆ ಗೂಡಿನ ಕಡೆಗೆ ಒಂದು ಕಾಲುದಾರಿ ಬಿಡಿಸಿದಳು. ಆಮೇಲೆ ಟಪಾಲು ಪೆಟ್ಟಿಗೆಯ ಸುತ್ತ ಕೆರೆದು, ಮೊರವನ್ನು ಕೊಡವಿ, ಮತ್ತೆ ಬಾಗಿಲ ಬುಡದಿಂದ ಶುರುಮಾಡಿದಳು. ಹಿಮ ಇನ್ನೂ ಬೀಳುತ್ತಲೇ ಇತ್ತು.